ಮೊದಲೇ ಗೊತ್ತಿದ್ದ ಕಥೆ

ಬೆಳ್ಳಂಬೆಳಗ್ಗೆ ಕೊಲೆಯ ಕಥೆ ಬರೆಯುವವನ ಮಾತೇಕೆ ಎನಿಸಬಹುದು. ಆದರೂ ಹರ್ಬರ್ಟ್ ರೈನೆಕರ್ ಎಂಬ ಜರ್ಮನ್ ಚಿತ್ರಕಥೆಗಾರ ಕೆಲವು ದಿನಗಳಿಂದ ಮನಸ್ಸಿನಲ್ಲೇ ಕೂತಿದ್ದಾನೆ.

1974ರಿಂದ 1998ರವರೆಗೆ ಜರ್ಮನಿಯ ಝಡ್‌ಡಿಎಫ್ ವಾಹಿನಿಯಲ್ಲಿ ‘ಡೆರಿಕ್’ ಎಂಬ ಪತ್ತೇದಾರಿ ಧಾರಾವಾಹಿ ಬರುತ್ತಿತ್ತು. 281 ಕಂತುಗಳು, ಅಷ್ಟನ್ನೂ ಬರೆದವನು ಇವನೊಬ್ಬನೇ. ಅದಕ್ಕೂ ಮುಂಚಿನ ‘ದೆರ್ ಕೊಮಿಸ್ಸಾರ್’ನ 97 ಕಂತುಗಳೂ ಇವನವೇ. ಕೊಲೆ ನಡೆಯುವುದು ಹೆಚ್ಚಾಗಿ ಮ್ಯೂನಿಕ್‌ನ ಅನುಕೂಲಸ್ಥರ ಮನೆಗಳಲ್ಲಿ. ‘ಡೆರಿಕ್’ನ ಮೊದಮೊದಲ ಕಂತುಗಳಲ್ಲಂತೂ ಕೊಂದವರು ಯಾರೆಂದು ಆರಂಭದಲ್ಲೇ ತೋರಿಸಿಬಿಡುತ್ತಿದ್ದರು. ಆಮೇಲೆ ಉಳಿಯುವುದು ಒಂದೇ ಕುತೂಹಲ: ಇಂಥದ್ದು ಮಾಡಿದ ಮನುಷ್ಯ ಊಟಕ್ಕೆ ಹೇಗೆ ಕೂರುತ್ತಾನೆ, ಮನೆಯವರ ಮುಖ ಹೇಗೆ ನೋಡುತ್ತಾನೆ? ಪತ್ತೇದಾರ ಡೆರಿಕ್ ಅಬ್ಬರಿಸುವವನಲ್ಲ. ಎದುರಿಗೆ ಕೂತು, ಕಾದು, ಮತ್ತೆ ಮತ್ತೆ ಕೇಳುವವನು.

ರೈನೆಕರ್ ಬರವಣಿಗೆ ಕಲಿತದ್ದು ಬೇರೆ ಕಡೆ. 1914ರಲ್ಲಿ ಹಾಗೆನ್ ಊರಿನಲ್ಲಿ ಹುಟ್ಟಿದವನು ಹಿಟ್ಲರನ ಯುವದಳದ ಪತ್ರಿಕೆಗಳಿಗೆ ಸಂಪಾದಕನಾದ; ಯುದ್ಧದಲ್ಲಿ ನಾಜಿಗಳ ಸಶಸ್ತ್ರ ದಳ ವಾಫೆನ್ ಎಸ್‌ಎಸ್‌ನ ವರದಿಗಾರ. 1944ರಲ್ಲಿ ವಿಮಾನ ಕಾರ್ಖಾನೆಯ ಹುಡುಗರನ್ನು ಹುರಿದುಂಬಿಸುವ ‘ಯುಂಗೆ ಆಡ್ಲರ್’ ಚಿತ್ರಕ್ಕೆ ಬರೆದ. ನಿರ್ದೇಶಕ ಆಲ್ಫ್ರೆಡ್ ವೈಡೆನ್‌ಮನ್. ಹತ್ತು ವರ್ಷ ಕಳೆದ ಮೇಲೆ ಅದೇ ಇಬ್ಬರು ‘ಕನಾರಿಸ್’ ಮಾಡಿದರು. ಹಿಟ್ಲರನ ಸೇನಾ ಗುಪ್ತಚರ ಮುಖ್ಯಸ್ಥನಾಗಿದ್ದು ಕೊನೆಗೆ ಅವನ ವಿರೋಧಿಯೆಂದು ಗಲ್ಲಿಗೇರಿದವನ ಕಥೆ ಅದು. ಚಿತ್ರಕಥೆಗೆ ಜರ್ಮನ್ ಚಲನಚಿತ್ರ ಪ್ರಶಸ್ತಿ ಬಂತು. ಮುಂದೆ ವೈಡೆನ್‌ಮನ್ ‘ಡೆರಿಕ್’ನ ಹಲವು ಕಂತುಗಳನ್ನೂ ನಿರ್ದೇಶಿಸಿದ.

ಹಾಗಾದರೆ ಕೊಲೆಯ ಆ ಕಥೆಗಳೆಲ್ಲ ಪ್ರಾಯಶ್ಚಿತ್ತವೇ? ಹಾಗೆಂದುಕೊಳ್ಳುವುದು ನಮಗೆ ಹಿತ. ನನಗೇಕೋ ಒಪ್ಪಿಗೆಯಾಗದು. ಕಥೆಯಲ್ಲಿ ತಪ್ಪು ಮಾಡುವವರು ಯಾವಾಗಲೂ ಬೇರೆಯವರು. ಬರೆಯುವವನಿಗೆ ಅವರ ಬಗ್ಗೆ ಕನಿಕರಪಡುವುದು ಕಷ್ಟವಲ್ಲ. 1990ರಲ್ಲಿ ಆತ್ಮಕಥೆ ಬರೆದಾಗಲೂ ಅವನು ಅದನ್ನು ಕರೆದದ್ದು ಕಾಲದ ವರದಿಯೆಂದು, ತನ್ನ ಬದುಕನ್ನು ಬರೀ ನೆರವಿಗೆ ತೆಗೆದುಕೊಂಡ ವರದಿಯೆಂದು. ಪ್ರಶ್ನೆ ಕೇಳುವುದರಲ್ಲಿ ಅಷ್ಟು ಪಳಗಿದವನು ತನ್ನ ಸರದಿ ಬಂದಾಗ ಕಾಲವನ್ನು ಮುಂದೆ ನಿಲ್ಲಿಸಿದ. ನಾವೂ ಬಹುಶಃ ಅದನ್ನೇ ಮಾಡುತ್ತಿದ್ದೆವು. ಅದಕ್ಕೇ ಅವನು ಮನಸ್ಸಿನಿಂದ ಎದ್ದುಹೋಗುತ್ತಿಲ್ಲ.

ರೈನೆಕರ್ 2007ರಲ್ಲಿ ತೀರಿಕೊಂಡ. ಡೆರಿಕ್ ಪಾತ್ರಧಾರಿ ಹೋರ್ಸ್ಟ್ ಟಾಪರ್ಟ್ ಕೂಡ ಎಸ್‌ಎಸ್‌ನಲ್ಲಿದ್ದನೆಂಬುದು, ಅವನೂ ಸತ್ತ ಮೇಲೆ, 2013ರಲ್ಲಿ ಹೊರಬಿತ್ತು. ದೊಡ್ಡ ಗದ್ದಲವಾಯಿತು, ಇನ್ನು ಮರುಪ್ರಸಾರವಿಲ್ಲ ಎಂದಿತು ವಾಹಿನಿ. ಬರೆದವನ ವಿಷಯವಾದರೋ ಗುಟ್ಟಾಗಿರಲೇ ಇಲ್ಲ. ಅದಕ್ಕಾಗಿ ಯಾರೂ ಒಂದು ಕಂತನ್ನೂ ನಿಲ್ಲಿಸಿರಲಿಲ್ಲ.