ಮುಳುಗುವ ಸೇತುವೆಯ ಲೆಕ್ಕ

ಕೊಯ್ನಾ ಸೀಮೆಯಲ್ಲಿ ಮಳೆ ಜೋರಾದರೆ ಚಿಕ್ಕೋಡಿ ತಾಲೂಕಿನ ಕಲ್ಲೋಳ–ಯಡೂರ ಬ್ಯಾರೇಜು ಕೃಷ್ಣೆಯಲ್ಲಿ ಮುಳುಗುತ್ತದೆ. ಬೇಸಿಗೆಯಲ್ಲಿ ಹೊಲಗಳಿಗೆ ನೀರು ಹಿಡಿದಿಡುವುದೂ ಅದೇ, ಜನ ದಾಟುವ ದಾರಿಯೂ ಅದೇ. ಅದರ ಎತ್ತರ ನೀರು ನಿಲ್ಲಿಸುವುದಕ್ಕೆ ತಕ್ಕದ್ದು, ಮಳೆಗಾಲದಲ್ಲಿ ದಾಟುವುದಕ್ಕಲ್ಲ. 2005, 2019, 2021ರ ಮಹಾಪೂರಗಳ ಮಾತಿರಲಿ, ಸಾಧಾರಣ ನೆರೆಗೂ ಇಲ್ಲಿ ಸಂಚಾರ ಬಂದ್.

ಆಗ ಉಳಿಯುವುದು ಸುತ್ತುಹಾದಿ. ಕಾರಿದ್ದವರಿಗೆ ಅದು ಬರೀ ಬೇಸರ. ಕೂಲಿಯವನಿಗೆ ಒಂದು ದಿನದ ಗಳಿಕೆ. ಹೆರಿಗೆ ನೋವಿನಲ್ಲಿರುವವಳಿಗೆ ಜೀವದ ಪ್ರಶ್ನೆ. ಹೊಳೆ ಎಲ್ಲರಿಗೂ ಒಂದೇ, ನಷ್ಟ ಒಂದೇ ಅಲ್ಲ.

ಎಲ್ಲ ಸೇತುವೆಗಳನ್ನೂ ಎತ್ತರಿಸಲು ಹಣವೆಲ್ಲಿದೆ ಎಂಬ ಮಾತು ಸುಳ್ಳಲ್ಲ. ಆದರೆ ಮೊದಲು ಯಾವುದನ್ನು ಎಂದು ನಿರ್ಧರಿಸುವಾಗ ನಾವು ದಾಟುವ ವಾಹನಗಳನ್ನಷ್ಟೇ ಎಣಿಸಬೇಕೇ? ದಾಟಲಾಗದೆ ದಡದಲ್ಲಿ ನಿಂತವರನ್ನು ಎಣಿಸುವುದು ಬೇಡವೇ?