ಇಟ್ಟ ಹೆಸರು

ದವಾಖಾನೆಗೋ ಮದುವೆ ಸೀರೆಗೋ ಹೈದರಾಬಾದಿಗೆ ಹೋಗಿಬಂದ ನಮ್ಮ ಕಡೆಯವರಿಗೆ ಎ.ಸಿ. ಗಾರ್ಡ್ಸ್ ಎಂಬ ಬಡಾವಣೆಯ ಹೆಸರು ಕಿವಿಗೆ ಬಿದ್ದಿರುತ್ತದೆ. ಎ.ಸಿ. ಎಂದರೆ ತಂಪು ಮಾಡುವ ಯಂತ್ರವಲ್ಲ. ಆಫ್ರಿಕನ್ ಕ್ಯಾವಲ್ರಿ, ಅಂದರೆ ಆಫ್ರಿಕದವರ ಕುದುರೆ ಪಡೆ. ನಿಜಾಮರ ಕಾವಲಿಗಿದ್ದ ಆ ಪಡೆಯವರ ಮರಿಮಕ್ಕಳು ಇಂದಿಗೂ ಅಲ್ಲಿದ್ದಾರೆ. ನಮ್ಮ ಆಳಂದ, ಅಫಜಲಪುರ, ಜೇವರ್ಗಿಗಳೂ 1948ರವರೆಗೆ ಅದೇ ನಿಜಾಮರ ರಾಜ್ಯದಲ್ಲಿದ್ದವು. ಒಂದೇ ಅರಸರ ಪ್ರಜೆಗಳು ನಾವು. ಆದರೆ ನಮ್ಮಲ್ಲಿ 'ಹಬ್ಶಿ' ಎಂಬ ಮಾತು ಉಳಿದಿರುವುದು ಕಪ್ಪು ಬಣ್ಣದ ಮಗುವನ್ನು ಹಂಗಿಸಲಿಕ್ಕೆ ಮಾತ್ರ. ಮೂರೂ ತಾಲ್ಲೂಕುಗಳ ಶಾಲೆಗಳಲ್ಲಿ ಕೆಲಸ ಮಾಡಿದ್ದೇನೆ. ಮೂರರಲ್ಲೂ ಈ ಬೈಗುಳ ಕೇಳಿದ್ದೇನೆ.

ಜೇವರ್ಗಿಯಲ್ಲಿದ್ದಾಗ ಏಳನೆಯ ತರಗತಿಯ ಒಬ್ಬ ಹುಡುಗಿ ಈ ಮಾತಿಗೆ ಬಿಕ್ಕಿ ಬಿಕ್ಕಿ ಅತ್ತಳು. ಅಂದಿನ ಪಾಠ ಬದಿಗಿಟ್ಟು ಇಡೀ ತರಗತಿಗೆ ಮಲಿಕ್ ಅಂಬರನ ಕತೆ ಹೇಳಿದೆ. ಇಥಿಯೋಪಿಯದಲ್ಲಿ ಹುಟ್ಟಿ, ಬಾಲ್ಯದಲ್ಲೇ ಮಾರಾಟವಾಗಿ, ಕೈಯಿಂದ ಕೈಗೆ ದಾಟಿ ಬಾಗ್ದಾದಿಗೆ ಬಂದ ಹುಡುಗ. ಅಲ್ಲಿಂದ ಅಹಮದನಗರಕ್ಕೆ. ಅವನನ್ನು ಕೊಂಡ ಅಲ್ಲಿನ ಮಂತ್ರಿ ಚಂಗೀಜ್ ಖಾನನೂ ಒಂದು ಕಾಲಕ್ಕೆ ಗುಲಾಮನಾಗಿದ್ದ ಹಬ್ಶಿಯೇ. ಮುಂದೆ ಅಂಬರ್ ಅದೇ ರಾಜ್ಯದ ಚುಕ್ಕಾಣಿ ಹಿಡಿದ. ಮಗಳನ್ನು ಸುಲ್ತಾನನಿಗೆ ಕೊಟ್ಟ. 1624ರಲ್ಲಿ ಭಾತವಡಿಯಲ್ಲಿ ಮೊಗಲರ ಮತ್ತು ಬಿಜಾಪುರದವರ ಕೂಡುಪಡೆಯನ್ನು ಸೋಲಿಸಿದ. ಆಗ ನಮ್ಮ ಸೀಮೆ ಬಿಜಾಪುರದವರ ಕೈಯಲ್ಲಿತ್ತು, ಹಾಗಾಗಿ ಸೋತವರ ಸಾಲಿನಲ್ಲಿ ನಾವೂ ಇದ್ದೆವೆನ್ನಬೇಕು! ಮಕ್ಕಳು ನಕ್ಕರು. ಅತ್ತಿದ್ದ ಹುಡುಗಿ ಮಾತ್ರ ನಗದೆ ಕೇಳಿದಳು: "ಟೀಚರ್, ಅವರವ್ವ ಅವನಿಗಿ ಏನಂತ ಕರೀತಿದ್ಳ್ರಿ?"

ಚಾಪು ಎಂದು. ಅಂಬರ್ ಎಂಬ ಹೆಸರಿಟ್ಟವನು ಬಾಗ್ದಾದಿನ ವರ್ತಕ ಮೀರ್ ಖಾಸಿಂ. ಅಂಬರ್ ಎಂದರೆ ಕಡಲಿನಿಂದ ಬರುವ ಒಂದು ಬೆಲೆಯುಳ್ಳ ಸುಗಂಧದ್ರವ್ಯ. ಗುಲಾಮರಿಗೆ ಇಂಥ ಹೆಸರಿಡುವುದು ಅಂದಿನ ರೂಢಿ. ಯಾಕೂತ್ ಎಂದರೆ ಮಾಣಿಕ್ಯ, ರಿಹಾನ್ ಎಂದರೆ ಕಂಪಿನ ಎಲೆ. ಸಿರಾದಲ್ಲಿ ಬಿಜಾಪುರದ ಪರವಾಗಿ ಆಳಿದ ಮಲಿಕ್ ರಿಹಾನನ ಗೋರಿ ಇದೆ. ಮಾರುವ ವಸ್ತುಗಳಿಗೆ ಇಡುವಂಥ ಹೆಸರುಗಳು ಇವು. ಕೇಳಲು ಮಾತ್ರ ಎಷ್ಟು ಇಂಪು!

ಸ್ಟಾಫ್ ರೂಮಿನಲ್ಲಿ ಇದನ್ನೆತ್ತಿದಾಗ ಗೆಳತಿಯೊಬ್ಬರು ವಾದಿಸಿದರು. "ಕೊಂಡ ಹುಡುಗನಿಗಿ ಓದು ಕಲಿಸ್ಯಾನ, ಅತ್ತರದ ಹೆಸರು ಇಟ್ಟಾನ. ಇದರಾಗ ಕೆಟ್ಟದ್ದೇನದ್ರಿ? ಆ ಹೆಸರಿಲೇ ಅಲ್ಲೇನು ಲೋಕ ಅವನಿಗಿ ನೆನಸೋದು?" ಮಾತು ಸುಳ್ಳಲ್ಲ. ಮೀರ್ ಖಾಸಿಂ ಕ್ರೂರಿಯಾಗಿರಲಿಲ್ಲ. ಆದರೆ ಪ್ರಶ್ನೆ ಕರುಣೆಯದಲ್ಲ. ಪ್ರೀತಿಯಿಂದ ಹೆಸರಿಟ್ಟವನಿಗೆ ಹಳೆಯ ಹೆಸರನ್ನು ಅಳಿಸುವ ಅಧಿಕಾರ ಎಲ್ಲಿಂದ ಬಂತು?

ಓದುವ ಅಕ್ಕ-ತಂಗಿಯರಿಗೆ ನನ್ನ ಮಾತು ಎತ್ತ ಹೊರಟಿದೆ ಎಂದು ಈಗಾಗಲೇ ತಿಳಿದಿರಬೇಕು. ನಮ್ಮ ಎಷ್ಟೋ ಮನೆಗಳಲ್ಲಿ ಮದುವೆಯ ದಿನ ತಟ್ಟೆಯ ಅಕ್ಕಿಯ ಮೇಲೆ ಉಂಗುರದಿಂದ ಸೊಸೆಗೆ ಹೊಸ ಹೆಸರು ಬರೆಸುತ್ತಾರೆ. ನನಗೂ ಬರೆಸಿದರು. ಅತ್ತೆಯವರು ಅಕ್ಕರೆಯಿಂದಲೇ ತಮ್ಮ ಮನೆದೇವರ ಹೆಸರಿಟ್ಟರು. ಬಿ.ಎಡ್. ಸರ್ಟಿಫಿಕೇಟಿನಲ್ಲಿ ಒಬ್ಬಳು, ರೇಷನ್ ಕಾರ್ಡಿನಲ್ಲಿ ಇನ್ನೊಬ್ಬಳಾದೆ. ಇಬ್ಬರೂ ಒಬ್ಬಳೇ ಎಂದು ಅಫಿಡವಿಟ್ ಮಾಡಿಸಲು ಒಂದು ಕಚೇರಿಗೆ ನಾಲ್ಕು ಸಲ ಅಲೆದಿದ್ದೇನೆ. ಹಾಗೆಂದು ಸೊಸೆಯೂ ಗುಲಾಮನೂ ಒಂದೇ ಎಂದು ನಾನು ಹೇಳುವುದಿಲ್ಲ, ಹೇಳಿದರೆ ಅದು ಗುಲಾಮನಿಗೆ ಮಾಡುವ ಅನ್ಯಾಯ. ನಮ್ಮನ್ನು ಪಂಚಮಿಗೆ ಕರೆಯಲು ಅಣ್ಣ ಬರುತ್ತಾನೆ. ಹೊಸ್ತಿಲು ದಾಟುವ ಮೊದಲೇ ಅವ್ವ ಹಳೆಯ ಹೆಸರು ಹಿಡಿದು ಕೂಗುತ್ತಾಳೆ. ಚಾಪುವನ್ನು ಕರೆಯಲು ಯಾರೂ ಬರಲಿಲ್ಲ.

ಆಫ್ರಿಕದಿಂದ ಅಮೆರಿಕೆಗೆ ಒಯ್ಯಲ್ಪಟ್ಟವರ ಮಕ್ಕಳನ್ನೂ ಈ ನೋವು ಬಿಡಲಿಲ್ಲ. ಮಾಲ್ಕಂ ಲಿಟಲ್ ಎಂಬಾತ, ಲಿಟಲ್ ಎಂಬುದು ತನ್ನ ಹಿರಿಯರನ್ನು ಕೊಂಡ ಒಡೆಯನ ಹೆಸರೆಂದು ಕಿತ್ತೆಸೆದು, ಗೊತ್ತಿಲ್ಲದ ಮನೆತನದ ಗುರುತಾಗಿ ಎಕ್ಸ್ ಎಂಬ ಒಂದಕ್ಷರ ಇಟ್ಟುಕೊಂಡ. 1945ರಲ್ಲಿ ಮ್ಯಾಂಚೆಸ್ಟರಿನಲ್ಲಿ ನಡೆದ ಪ್ಯಾನ್-ಆಫ್ರಿಕನ್ ಸಮ್ಮೇಳನದಲ್ಲಿ ಮುದುಕ ಡುಬಾಯ್ಸ್ ಅವರ ಜೊತೆಗಿದ್ದ ಯುವಕ ಎನ್‌ಕ್ರುಮಾ, ಹನ್ನೆರಡು ವರ್ಷಗಳ ನಂತರ ತನ್ನ ನಾಡು ಸ್ವತಂತ್ರವಾದಾಗ ಗೋಲ್ಡ್ ಕೋಸ್ಟ್ ಎಂಬ ಹೆಸರು ತೆಗೆದು ಘಾನಾ ಎಂದು ಕರೆದ. ಬಂಗಾರದ ದಂಡೆ! ಅದೂ ವ್ಯಾಪಾರಿ ಇಟ್ಟ ಹೆಸರೇ.

ನಮ್ಮ ಉತ್ತರ ಕನ್ನಡದ ಸಿದ್ದಿಯರು ಬೇರೆ ದಾರಿ ಹಿಡಿದಿದ್ದಾರೆ. ಗೋವೆಯ ಪೋರ್ಚುಗೀಸರಿಂದ ತಪ್ಪಿಸಿಕೊಂಡು ಕಾಡು ಸೇರಿದವರ ಸಂತತಿ ಯಲ್ಲಾಪುರ, ಹಳಿಯಾಳ, ಮುಂಡಗೋಡ, ಅಂಕೋಲೆಗಳಲ್ಲಿದೆ. ಅವರಲ್ಲಿ ಹಿಂದೂಗಳಿದ್ದಾರೆ, ಮುಸ್ಲಿಮರಿದ್ದಾರೆ, ಕ್ರೈಸ್ತರಿದ್ದಾರೆ. ಮಗುವಿನ ಹೆಸರನ್ನು ಆಯಾ ಧರ್ಮದವರು ತಮ್ಮ ತಮ್ಮಂತೆ ಇಡುತ್ತಾರೆ, ಅದರ ಮುಂದೆ ಎಲ್ಲರೂ ಸಿದ್ದಿ ಎಂದು ಬರೆಯುತ್ತಾರೆ. ಅದೂ ಹೊರಗಿನವರು ಕೊಟ್ಟ ಪದವೇ, ಆಫ್ರಿಕದ ಅವರ ಅವ್ವಂದಿರು ಕರೆದದ್ದಲ್ಲ. ಆದರೂ ಬಿಸಾಡಲಿಲ್ಲ. ಅದೇ ಹೆಸರಿನಲ್ಲಿ ಒಂದಾಗಿ ಹೋರಾಡಿ 2003ರಲ್ಲಿ ಪರಿಶಿಷ್ಟ ಪಂಗಡದ ಪಟ್ಟಿ ಸೇರಿದರು. 2020ರಲ್ಲಿ ಶಾಂತಾರಾಮ ಸಿದ್ದಿ ವಿಧಾನ ಪರಿಷತ್ತಿನ ಸದಸ್ಯರಾದರು.

ಎಸೆದವನು ಸರಿಯೋ, ಇಟ್ಟುಕೊಂಡವರು ಸರಿಯೋ? ನನಗೆ ಇಬ್ಬರೂ ಸರಿಯೆನಿಸುತ್ತಾರೆ, ಏಕೆಂದರೆ ನಿರ್ಧಾರ ಅವರದೇ ಆಗಿತ್ತು. ಹಿಂದಿನ ವರ್ಷ ನಮ್ಮ ಮನೆಗೆ ಸೊಸೆ ಬಂದಳು. ಅಕ್ಕಿಯ ತಟ್ಟೆ ತಂದಾಗ "ಏನು ಬರೆಸಬೇಕವ್ವಾ?" ಎಂದು ಅವಳನ್ನೇ ಕೇಳಿದೆ. ಹಿರಿಯರು ಮುಖ ಗಂಟಿಕ್ಕಿಕೊಂಡರು. "ಶಾಸ್ತ್ರ ಆಗಲಿ ಬಿಡ್ರಿ ಅತ್ತಿ," ಎಂದಳು ಹುಡುಗಿ, "ಆದರ ನನ್ನ ಹೆಸರೇ ಬರೀಲಿ." ಮಗ ಅದನ್ನೇ ಬರೆದ, ಅಕ್ಷರ ಮಾತ್ರ ಸೊಟ್ಟಗಾಗಿತ್ತು.