ಶರಶಯ್ಯೆಯ ಬೋಧೆ

ಮಾಘ ಶುದ್ಧ ಅಷ್ಟಮಿಯಂದು ಭೀಷ್ಮಾಚಾರ್ಯರಿಗೆ ತರ್ಪಣವೀಯುವುದು ನಮ್ಮ ಸಂಪ್ರದಾಯ. ಆ ಮಹಾನುಭಾವರ ಅಂತ್ಯಕಾಲದ ನಡತೆಯು ಇಂದಿನ ಗೃಹಸ್ಥರ ಕಠಿಣ ಸಂದೇಹವೊಂದಕ್ಕೆ ಸಮಾಧಾನವೀಯುವಂತಿದೆ.

ಪೀಣ್ಯ, ವೈಟ್‌ಫೀಲ್ಡ್ ಕಡೆಗಳಲ್ಲಿ ನೆಲೆಸಿರುವ ನಮ್ಮ ಮನೆಗಳಲ್ಲಿ ವೃದ್ಧ ಮಾತಾಪಿತೃಗಳು ಆಸ್ಪತ್ರೆ ಸೇರುತ್ತಾರೆ. ಗುಣವಾಗುವ ಆಸೆಯಿಲ್ಲವೆಂದು ವೈದ್ಯರೇ ಹೇಳಿದ ಮೇಲೂ ಉಸಿರಾಟದ ಯಂತ್ರವನ್ನು ಮುಂದುವರಿಸಬೇಕೆ? ನಿಲ್ಲಿಸಿದರೆ ಪಿತೃಹತ್ಯೆಯ ದೋಷ ಬಂದೀತೆ? ಪಾಳಿ ಮುಗಿಸಿ ಬಂದ ಮಗನೂ ಪರದೇಶದಿಂದ ಫೋನಿನಲ್ಲಿ ಮಾತನಾಡುವ ಮಗಳೂ ಒಮ್ಮತಕ್ಕೆ ಬಾರದೆ ತೊಳಲುತ್ತಾರೆ.

ಮೊದಲು ರಾಜಶಾಸನವನ್ನು ನೋಡೋಣ. ಘನತೆಯಿಂದ ಮರಣಿಸುವುದೂ ಸಂವಿಧಾನದ ೨೧ನೆಯ ವಿಧಿಯಲ್ಲಿ ಅಡಕವಾಗಿದೆಯೆಂದು ಸರ್ವೋಚ್ಚ ನ್ಯಾಯಾಲಯವು ೨೦೧೮ರ ಮಾರ್ಚ್ ೯ರಂದು ಸಾರಿತು. ೨೦೨೩ರಲ್ಲಿ ಅದರ ವಿಧಾನವನ್ನು ಸರಳಗೊಳಿಸಿತು. ಅದನ್ನನುಸರಿಸಿ ಕರ್ನಾಟಕ ಸರ್ಕಾರವು ೨೦೨೫ರ ಜನವರಿ ೩೦ರಂದು ಸುತ್ತೋಲೆ ಹೊರಡಿಸಿತು. ಮೂವರು ವೈದ್ಯರ ಮಂಡಳಿಯೊಂದು, ತರುವಾಯ ಬೇರೆ ಮೂವರದೊಂದು, ಎರಡೂ ಒಪ್ಪಬೇಕು, ಬಂಧುಗಳು ಸಮ್ಮತಿಸಬೇಕು, ಮ್ಯಾಜಿಸ್ಟ್ರೇಟರಿಗೆ ತಿಳಿಸಬೇಕು. ಆ ಬಳಿಕವೇ ನಿಷ್ಫಲ ಚಿಕಿತ್ಸೆಯನ್ನು ನಿಲ್ಲಿಸಬಹುದು. ನೆದರ್‌ಲ್ಯಾಂಡ್ಸ್ ಮೊದಲಾದ ದೇಶಗಳಲ್ಲಿ ಒಪ್ಪಿರುವಂತೆ ಮದ್ದು ಕೊಟ್ಟು ಪ್ರಾಣ ತೆಗೆಯುವುದು ನಮ್ಮಲ್ಲಿ ಇಂದಿಗೂ ಅಪರಾಧವೇ.

ಇನ್ನು ಧರ್ಮದ ಮಾತು. ಜೀವನು ಅಸ್ವತಂತ್ರನು, ಶ್ವಾಸಗಳ ನಿಯಾಮಕನು ಮುಖ್ಯಪ್ರಾಣನು. ಆದಕಾರಣ ಶ್ರೀಹರಿಯಿತ್ತ ದೇಹವನ್ನು ಬೇಸರದಿಂದ ಬಿಸುಡುವ ಅಧಿಕಾರ ನಮಗಿಲ್ಲ. ಹಾಗೆಯೇ ಯಂತ್ರಬಲದಿಂದ ಮರಣವನ್ನು ತಡೆದು ನಿಲ್ಲಿಸುವೆವೆಂಬ ಹಟವೂ ಸ್ವಾತಂತ್ರ್ಯದ ಅಭಿಮಾನವೇ ಸರಿ.

ಶರಶಯ್ಯೆಯಲ್ಲಿದ್ದ ಭೀಷ್ಮರ ಬಳಿಗೆ ಬಾಣ ಕೀಳಬಲ್ಲ ಶಲ್ಯವೈದ್ಯರು ಬಂದರು. ಆಚಾರ್ಯರು ಅವರನ್ನು ಸತ್ಕರಿಸಿ ಹಿಂದಿರುಗಿಸಿದರು. ಆದರೆ ಇಚ್ಛಾಮರಣಿಗಳಾಗಿದ್ದೂ ಆ ಕ್ಷಣವೇ ಪ್ರಾಣ ಬಿಡಲಿಲ್ಲ. ೫೮ ರಾತ್ರಿ ಆ ಶಯ್ಯೆಯಲ್ಲಿದ್ದು, ಧರ್ಮರಾಯನಿಗೆ ಧರ್ಮವನ್ನು ಬೋಧಿಸುತ್ತ ಉತ್ತರಾಯಣವನ್ನು ನಿರೀಕ್ಷಿಸಿದರು. ವೈದ್ಯರನ್ನೊಲ್ಲದವರು ಅರ್ಜುನನಿಂದ ತಲೆದಿಂಬನ್ನೂ ನೀರನ್ನೂ ಕೇಳಿ ಪಡೆದರು.

ಬೋಧೆ ಸ್ಪಷ್ಟವಾಗಿದೆ. ಚಿಕಿತ್ಸೆಯನ್ನು ನಿಲ್ಲಿಸಬಹುದು, ಸೇವೆಯನ್ನು ನಿಲ್ಲಿಸಲಾಗದು. ನೋವಿಗೆ ಔಷಧ, ಒಣಗಿದ ತುಟಿಗೆ ನೀರು, ಕಿವಿಗೆ ಹರಿನಾಮ, ಕೈಹಿಡಿಯಲು ಮಕ್ಕಳು—ಇವು ಕೊನೆಯುಸಿರಿನವರೆಗೂ ಸಲ್ಲತಕ್ಕ ಋಣ. ವೈಟ್‌ಫೀಲ್ಡಿಗೆ ಹೋಗುವ ದಾರಿಯ ಕುಂದಲಹಳ್ಳಿಯ ಬಳಿ, ಕರುಣಾಶ್ರಯವು ಅಂತಿಮಾವಸ್ಥೆಯ ಅರ್ಬುದರೋಗಿಗಳಿಗೆ ಇಂತಹ ಶುಶ್ರೂಷೆಯನ್ನು ಉಚಿತವಾಗಿ ನೀಡುತ್ತಿದೆ. ಆದರೆ ಖರ್ಚನ್ನೋ ಶ್ರಮವನ್ನೋ ತಪ್ಪಿಸಿಕೊಳ್ಳಲು ಯಂತ್ರ ತೆಗೆಸುವವನಿಗೆ ಭೀಷ್ಮರ ನಿದರ್ಶನವು ಆಶ್ರಯವಾಗಲಾರದು.

ಹಿರಿಯರಲ್ಲಿ ನಮ್ಮದೊಂದು ವಿಜ್ಞಾಪನೆ. ಬುದ್ಧಿ ಸ್ವಸ್ಥವಾಗಿರುವಾಗಲೇ ತಮ್ಮ ಅಭಿಪ್ರಾಯವನ್ನು ಮಕ್ಕಳಿಗೆ ತಿಳಿಸಿರಿ. ಇಬ್ಬರು ಸಾಕ್ಷಿಗಳ ಸಮಕ್ಷಮ ಬರೆದು, ನೋಟರಿ ಅಥವಾ ಗೆಜೆಟೆಡ್ ಅಧಿಕಾರಿಯ ದೃಢೀಕರಣ ಪಡೆಯಿರಿ. ಭೀಷ್ಮರು ತಮ್ಮ ಇಚ್ಛೆಯನ್ನು ಬಾಯಿಬಿಟ್ಟು ಹೇಳಿದರು. ಪಾಂಡವರಿಗೆ ಊಹಿಸುವ ಸಂಕಟವನ್ನು ಉಳಿಸಲಿಲ್ಲ.

ಶ್ರೀಹರಿವಾಯುಗುರುಗಳು ಸರ್ವರಿಗೂ ಅಂತ್ಯಕಾಲದಲ್ಲಿ ಹರಿಸ್ಮರಣೆಯನ್ನು ಅನುಗ್ರಹಿಸಲಿ.

ಶ್ರೀಕೃಷ್ಣಾರ್ಪಣಮಸ್ತು.